ಮೂಡುವಾಗ ಚಂದ್ರ ಯಾಕಷ್ಟು ದೊಡ್ಡ?

ಪ್ರಶ್ನೆ: ಹುಣ್ಣಿಮೆ ಸಂಜೆ ನಮ್ಮ ತೆಂಗಿನ ಸಾಲಿನ ಹಿಂದೆ ಮೂಡುವ ಚಂದ್ರ ಊಟದ ತಟ್ಟೆಯಷ್ಟು ಕಾಣುತ್ತಾನೆ. ನಡುರಾತ್ರಿ ನೋಡಿದರೆ ಚಿಕ್ಕವನು. ಆದರೆ ಮೊಬೈಲ್ ಫೋಟೋದಲ್ಲಿ ಎರಡೂ ಒಂದೇ! ಗಾಳಿಯೇ ಭೂತಗನ್ನಡಿ ಥರ ದೊಡ್ಡದು ಮಾಡುತ್ತದೆ ಅಂತಾರೆ ನಮ್ಮ ಮಾವ. ನಿಜವಾ?
– ಓದುಗರೊಬ್ಬರು, ತಿಪಟೂರು

ಉತ್ತರ: ಮೊಬೈಲ್ ಹೇಳಿದ್ದೇ ಸರಿ. ಮಾವನವರ ಹಾಗೆಯೇ ಹಿಂದಿನ ಗ್ರೀಕರೂ ಅಂದುಕೊಂಡಿದ್ದರು. ಆದರೆ ಗಾಳಿ ಚಂದ್ರನನ್ನು ಮೇಲಿಂದ ಕೆಳಕ್ಕೆ ಒಂಚೂರು ಚಪ್ಪಟೆ ಮಾಡುತ್ತದೆ, ಅಷ್ಟೇ.

ಮುಂದಿನ ಹುಣ್ಣಿಮೆಗೆ ಒಂದು ಕಡಲೆಕಾಳು ಹಿಡಿದು, ಕೈ ಪೂರ್ತಿ ಚಾಚಿ, ಒಂದು ಕಣ್ಣು ಮುಚ್ಚಿ ನೋಡಿ. ಆ ತಟ್ಟೆಯಂಥ ಚಂದ್ರ ಕಾಳಿನ ಹಿಂದೆ ಮರೆಯಾಗುತ್ತಾನೆ! ನೆತ್ತಿಗೆ ಬಂದಾಗಲೂ ಅದೇ ಕಾಳು ಸಾಕು. ಆಕಾಶದಲ್ಲಿ ಅವನು ಹಿಡಿಯುವ ಜಾಗ ಯಾವಾಗಲೂ ಸುಮಾರು ಅರ್ಧ ಡಿಗ್ರಿ. ಲೆಕ್ಕ ಹಾಕಿದರೆ ನೆತ್ತಿಯ ಮೇಲಿದ್ದಾಗಲೇ ಅವನು ನಮಗೆ ಸುಮಾರು 6,400 ಕಿ.ಮೀ. ಹತ್ತಿರ, ಅಂದರೆ ಆಗಲೇ ಕೂದಲೆಳೆಯಷ್ಟು ದೊಡ್ಡವನು.

ಹಿಗ್ಗಿಸುವುದು ನಮ್ಮ ಮಿದುಳು. ಹತ್ತು ಅಡಿ ದೂರದ ಹಸು ಇಪ್ಪತ್ತು ಅಡಿಗೆ ಹೋದರೆ ಕಣ್ಣಿನೊಳಗೆ ಬೀಳುವ ಅದರ ಚಿತ್ರ ಅರ್ಧಕ್ಕೆ ಇಳಿಯುತ್ತದೆ, ಆದರೂ ಹಸು ಕುಗ್ಗಿತು ಅಂತ ನಮಗೆ ಒಂದು ಕ್ಷಣವೂ ಅನ್ನಿಸುವುದಿಲ್ಲ, ಯಾಕೆಂದರೆ ಎಷ್ಟು ದೂರ ಅಂತ ಅಂದಾಜು ಮಾಡಿ ಮಿದುಳು ಆಗಲೇ ಅಳತೆ ಸರಿಪಡಿಸಿರುತ್ತದೆ. ದಿನವಿಡೀ ಸುಮ್ನೆ ನಡೆಯುವ ಈ ಕೆಲಸ ನನಗಂತೂ ಚಂದ್ರನಿಗಿಂತ ದೊಡ್ಡ ಅಚ್ಚರಿ.

ಚಂದ್ರನ ವಿಷಯದಲ್ಲೂ ಅದೇ ಅಂದಾಜು ಕೆಲಸ ಮಾಡುತ್ತದೆ. ಹೊಲ, ಮರ, ಗುಡ್ಡ ಎಲ್ಲ ದಾಟಿ ಆಚೆ ಇದ್ದಾನೆ, ಅಂದಮೇಲೆ ಬಹಳ ದೂರ, ದೂರವಿದ್ದೂ ಇಷ್ಟು ಕಾಣುತ್ತಾನೆಂದರೆ ದೊಡ್ಡವನೇ ಇರಬೇಕು. ನೆತ್ತಿಯ ಮೇಲೆ ದೂರ ಅಳೆಯಲು ಏನೂ ಸಿಗುವುದಿಲ್ಲ, ಅಲ್ವಾ? ಇದು ಕಣ್ಣಿನದಲ್ಲ, ಮನಸ್ಸಿನ ತೀರ್ಮಾನ ಅಂತ ಅರಬ್ ವಿಜ್ಞಾನಿ ಇಬ್ನ್ ಅಲ್-ಹೈಥಮ್ 11ನೇ ಶತಮಾನದಲ್ಲೇ ಬರೆದಿದ್ದ. ಆದರೆ ಒಂದು ತೊಡಕಿದೆ. ‘ಮೂಡುವ ಚಂದ್ರ ದೂರ ಇದ್ದಾನಾ, ಹತ್ತಿರವಾ?’ ಅಂತ ಕೇಳಿದರೆ ಜಾಸ್ತಿ ಜನ ಹತ್ತಿರ ಅಂತಾರೆ! ಹಾಗಾಗಿ ದೂರದ ಲೆಕ್ಕವೊಂದೇ ಸಾಕಾ ಅನ್ನುವ ವಾದ ವಿಜ್ಞಾನಿಗಳಲ್ಲಿ ಇನ್ನೂ ಮುಗಿದಿಲ್ಲ.

ಹಳೇ ಪೇಪರ್ ಸುತ್ತಿ ಸಣ್ಣ ಕೊಳವೆ ಮಾಡಿ, ಮರಗಳು ಕಾಣದ ಹಾಗೆ ಚಂದ್ರನನ್ನು ಮಾತ್ರ ನೋಡಿ. ಕುಗ್ಗಿದ ಹಾಗೆ ಕಾಣುತ್ತಾನೆ. ಮಾವನವರ ಕೈಗೂ ಕೊಡಿ. ಕೊಳವೆ ಇಳಿಸಿದ ತಕ್ಷಣ ಮತ್ತೆ ಊಟದ ತಟ್ಟೆ.