ಸಂಪಾದಕರ ಉತ್ತರ: ಇಳಿಗಾಲದ ಜನ ನಿಧಾನವಾಗಿ ಏಕೆ ನಡೆಯುವುದಿಲ್ಲ?

ಮಾನ್ಯರೇ,

ಕಳೆದ ಸಂಚಿಕೆಯಲ್ಲಿ ಪ್ರಕಟವಾದ ಇಳಿಗಾಲದ, ಅಂದರೆ ಕಾಲ ನಿಧಾನವಾಗಿ ಸಾಗುವ ನಾಡೊಂದರ, ಕಥೆಯನ್ನು ತಾವು ಎಷ್ಟು ಶ್ರದ್ಧೆಯಿಂದ ಓದಿದ್ದೀರಿ ಎಂಬುದು ತಮ್ಮ ಪತ್ರದಿಂದ ತಿಳಿಯುತ್ತದೆ. ಬೆಳಕನ್ನೂ ಹೊರಬಿಡದಷ್ಟು ಸೆಳೆತವುಳ್ಳ ಕಪ್ಪುಕುಳಿಯೊಂದರ (ಬ್ಲ್ಯಾಕ್ ಹೋಲ್) ಸಮೀಪ ಸುತ್ತುವ ಕೆಳನಾಡಿನಲ್ಲಿ 10 ವರ್ಷ ಕಳೆಯುವಷ್ಟರಲ್ಲಿ ಬಹುದೂರದ ಮೇಲ್ನಾಡಿನಲ್ಲಿ 14 ವರ್ಷ ಕಳೆದಿರುತ್ತದೆ ಎಂದಮೇಲೆ, ಕೆಳನಾಡಿನವರು ನಡೆನುಡಿಯಲ್ಲಿ ನಮ್ಮಷ್ಟೇ ಚುರುಕಾಗಿರುವುದು ಹೇಗೆ ಎಂಬುದು ತಮ್ಮ ಮೊದಲ ಆಕ್ಷೇಪ. ಇಂಥ ವಿಸ್ಮಯದ ನಡುವೆ ಬದುಕುವ ಜನಕ್ಕೆ ಕಪ್ಪುಕುಳಿಯ ಪೂಜೆಯಾಗಲಿ ಹಬ್ಬವಾಗಲಿ ಇಲ್ಲದೆ, ಸಾಲ, ವಯಸ್ಸು, ನೆಂಟಸ್ತಿಕೆಗಳ ಲೆಕ್ಕಾಚಾರವೇ ಸಂಸ್ಕೃತಿಯಾಗಿರುವುದು ನೀರಸವೆಂಬುದು ಎರಡನೆಯದು. ಅಂತರವನ್ನು ಸಾವಿರಪಟ್ಟು ಹಿಗ್ಗಿಸಿದ್ದರೆ ಕಥೆ ಇನ್ನೂ ರೋಚಕವಾಗುತ್ತಿತ್ತು ಎಂದೂ ಸೂಚಿಸಿದ್ದೀರಿ.

ಮೊದಲನೆಯದಕ್ಕೆ ಉತ್ತರ ಸುಲಭ. ಸೆಳೆತ ಹೆಚ್ಚಿರುವಲ್ಲಿ ಕಾಲ ನಿಧಾನವಾಗುತ್ತದೆ. ಹಾಗಾದಾಗ ಗಡಿಯಾರದೊಂದಿಗೆ ಎದೆಬಡಿತ, ಉಸಿರು, ಯೋಚನೆ, ಒಲೆಯ ಉರಿ ಎಲ್ಲವೂ ಒಂದೇ ಪ್ರಮಾಣದಲ್ಲಿ ನಿಧಾನವಾಗುವುದರಿಂದ, ಒಳಗಿರುವವರ ಅನುಭವಕ್ಕೆ ಅದು ಬರುವುದೇ ಇಲ್ಲ. ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ನೆಲದ ಗಡಿಯಾರಗಳಿಗಿಂತ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡು ಮುಂದೆ ಓಡುತ್ತವೆ. ಅಷ್ಟರಮಟ್ಟಿಗೆ ನಾವೆಲ್ಲರೂ ಕೆಳನಾಡಿನವರೇ, ಆದರೂ ನಮ್ಮ ಕಾಲು ಎಳೆದಂತೆ ನಮಗೆ ಅನ್ನಿಸುವುದಿಲ್ಲ. ನಮ್ಮ ಗೆಲಾಕ್ಸಿಯ ನಡುವಿನ ಕಪ್ಪುಕುಳಿಯನ್ನು ಸುಮಾರು 16 ವರ್ಷಕ್ಕೊಮ್ಮೆ ಸುತ್ತುವ ಎಸ್2 ಎಂಬ ನಕ್ಷತ್ರ 2018ರ ಮೇ ತಿಂಗಳಲ್ಲಿ ಅದರ ಅತಿ ಸಮೀಪಕ್ಕೆ ಬಂದಾಗ, ಅದರ ಬೆಳಕಿನಲ್ಲಿ ಕಂಡ ಬದಲಾವಣೆಯಿಂದ ಲೆಕ್ಕ ಹಾಕಿದರೆ, ಅಲ್ಲಿಯ ದಿನವೊಂದು ನಮ್ಮದಕ್ಕಿಂತ ಸುಮಾರು ಒಂದು ನಿಮಿಷ ಹಿಂದೆ ಬೀಳುತ್ತಿತ್ತು. ಅದು ಗೊತ್ತಾದದ್ದು ಹೊರಗಿನಿಂದ ನೋಡಿದ ನಮಗೆ.

ತಾವು ನಿರೀಕ್ಷಿಸಿದ ನಿಧಾನ ಕಥೆಯಲ್ಲಿ ಇಲ್ಲದಿಲ್ಲ. ಅದು ಮೇಲ್ನಾಡಿನವರ ಕಿವಿಯಲ್ಲಿದೆ. ಕೆಳಗಿನಿಂದ ಬಂದ ಮಾತು ಅವರಿಗೆ ಎಳೆದೆಳೆದು, ತಗ್ಗಿದ ಶ್ರುತಿಯಲ್ಲಿ ಕೇಳಿಸುತ್ತದೆ. ಅಜ್ಜಿ ಮೇಲೆ ಕುಳಿತು ಷಡ್ಜದಲ್ಲಿ (ಸ) ಆರಂಭಿಸಿದ ಜೋಗುಳ ಕೆಳಗಿನ ಮಗುವಿಗೆ ಅದಕ್ಕಿಂತ ಅರ್ಧ ಸ್ಥಾಯಿ ಮೇಲಿನ ಪ್ರತಿಮಧ್ಯಮದಿಂದ (ಏರಿದ ಮ) ಶುರುವಾದಂತೆ ಕೇಳುತ್ತದೆಂಬ ಮಾತನ್ನು ಕವಿಕಲ್ಪನೆ ಎಂದು ತಾವು ಭಾವಿಸಿರಬಹುದು, ಆದರೆ ಅದು ಶುದ್ಧ ಗಣಿತ. ತಾನೇ ತಿರುಗದ ಕಪ್ಪುಕುಳಿಯೊಂದನ್ನು ಸ್ಥಿರವಾದ ವೃತ್ತದಲ್ಲಿ ಸುತ್ತಬಹುದಾದ ಅತಿ ಒಳಗಿನ ಕಕ್ಷೆ ಅದರ ತ್ರಿಜ್ಯದ ಮೂರು ಪಟ್ಟು ದೂರದಲ್ಲಿರುತ್ತದೆ. ಕಥೆಯ ಕೆಳನಾಡು ಸುತ್ತುವ ಆ ಕಕ್ಷೆಯಲ್ಲಿ ಕಾಲದ ಅಂತರ 2ರ ವರ್ಗಮೂಲ, ಅಂದರೆ ಸುಮಾರು 1.41 ಪಟ್ಟು. ಸ್ವರದ ಕಂಪನ ಅಷ್ಟು ಪಟ್ಟು ಹೆಚ್ಚಿದರೆ ಷಡ್ಜ ಪ್ರತಿಮಧ್ಯಮಕ್ಕೆ ಏರುತ್ತದೆ. ಮೇಲ್ನಾಡು ಆ ಕಕ್ಷೆಯ ಅಕ್ಷದ ನೇರದಲ್ಲಿ, ಅಂದರೆ ವೃತ್ತದ ನಡುವಿನಿಂದ ನೆಟ್ಟಗೆ ಮೇಲೆ, ಬಹುದೂರ ಇರುವುದರಿಂದ ಕೆಳನಾಡಿನ ಗ್ರಹದ ಓಟದ ಏರಿಳಿತವೂ ಶ್ರುತಿಗೆ ಸೇರುವುದಿಲ್ಲ. ಕಪ್ಪುಕುಳಿಗೆ ಹತ್ತು ಕೋಟಿ ಸೂರ್ಯರ ತೂಕ ಕೊಟ್ಟದ್ದೂ ಆಡಂಬರಕ್ಕಲ್ಲ: ನಮ್ಮ ಗೆಲಾಕ್ಸಿಯದರಂತೆ 43 ಲಕ್ಷ ಸೂರ್ಯರಷ್ಟೇ ತೂಗಿದ್ದರೆ ಆ ಕಕ್ಷೆಯಲ್ಲಿ ಭೂಮಿಯಂಥ ಗ್ರಹ ಸೆಳೆತಕ್ಕೆ ಸಿಕ್ಕಿ ಛಿದ್ರವಾಗುತ್ತಿತ್ತು, ಕಪ್ಪುಕುಳಿ ದೊಡ್ಡದಾದಷ್ಟೂ ಅದರ ಅಂಚಿನಲ್ಲಿ ಆ ಸೀಳುವ ಸೆಳೆತ ಮೃದುವಾಗುತ್ತದೆ.

ಎರಡನೆಯ ಆಕ್ಷೇಪವನ್ನು ನಾನು ಒಪ್ಪಲಾರೆ. ಅನುಭವಕ್ಕೇ ಬಾರದ ನಿಧಾನವನ್ನು ಕೆಳನಾಡಿನವರು ಪೂಜಿಸಬೇಕೇಕೆ? ಅವರ ಪಾಲಿಗೆ ಅದು ನಿಜವಾಗುವುದು, ಮೇಲಿನಿಂದ ಬಂದ ಹಡಗಿನಿಂದ ಪರಿಚಿತ ಮುಖವೊಂದು ಮುದಿಯಾಗಿ ಇಳಿದಾಗ. ಹೀಗಾಗಿ ಅವರ ಶಾಸ್ತ್ರಗಳೆಲ್ಲ ಹಡಗುಕಟ್ಟೆಯಲ್ಲೇ ಹುಟ್ಟಿವೆ, ಮತ್ತು ನನ್ನ ದೃಷ್ಟಿಯಲ್ಲಿ ಕಥೆಯ ಜೀವವಿರುವುದೂ ಅಲ್ಲೇ. ತಂಗಿಗಿಂತ ಮೂರು ವರ್ಷ ದೊಡ್ಡವಳಾದ ಅಕ್ಕ ಕೆಳಗೆ ಹತ್ತು ವರ್ಷ ದುಡಿದು ಮರಳಿದಾಗ ತಂಗಿಯೇ ಒಂದು ವರ್ಷ ದೊಡ್ಡವಳಾಗಿರುತ್ತಾಳೆ. ಆಗ ಹಿರಿಯರ ಸಮ್ಮುಖದಲ್ಲಿ ಯಾರು ಅಕ್ಕ, ಯಾರು ತಂಗಿ ಎಂದು ಮತ್ತೆ ನಿಶ್ಚಯಿಸಿ, ಮನೆಯ ಹಿರಿತನವನ್ನು ಬದುಕಿದ ವರ್ಷಗಳ ಪ್ರಕಾರ ಒಪ್ಪಿಸಲಾಗುತ್ತದೆ. ಹಿರಿತನದೊಂದಿಗೆ ಉಗ್ರಾಣದ ಕೀಲಿಕೈಯನ್ನೂ ತಂಗಿಗೆ ಬಿಟ್ಟುಕೊಟ್ಟ ಆ ಅಕ್ಕ ಮರುದಿನ ಬೆಳಿಗ್ಗೆಯೂ ಅಭ್ಯಾಸಬಲದಿಂದ ಉಗ್ರಾಣದ ಬಾಗಿಲಿಗೆ ಹೋಗಿ ನಿಲ್ಲುವ ಪ್ರಸಂಗವನ್ನು ಓದಿಯೂ ಇದು ಬರೀ ಲೆಕ್ಕಾಚಾರವೆಂದು ತಮಗೆ ಅನ್ನಿಸಿತೇ?

ಸಾಲದ ನಿಯಮವೂ ಹಾಗೆಯೇ. ಬಡ್ಡಿ ಯಾರ ಪಂಚಾಂಗದಂತೆ ಬೆಳೆಯಬೇಕು? ಮೇಲಿನದರಂತೆ ಎಂದರೆ ಕೆಳಗೆ ದುಡಿಯುವವರು ತಾವು ಬದುಕದ ನಾಲ್ಕು ವರ್ಷಗಳಿಗೂ ಬಡ್ಡಿ ತೆರಬೇಕು. ಕೆಳಗಿನದರಂತೆ ಎಂದರೆ ಸಾಲ ಕೊಟ್ಟವರು ಆ ನಾಲ್ಕು ವರ್ಷ ವ್ಯರ್ಥವಾಗಿ ಕಾಯಬೇಕು. ದುಡಿಮೆ ನಡೆದ ನೆಲದ ಪಂಚಾಂಗವೇ ಪ್ರಮಾಣವೆಂದು ಅವರು ತೀರ್ಮಾನಿಸಿಕೊಂಡದ್ದು, ಸಾಲ ಪಡೆದವರಿಗೆ ನ್ಯಾಯ ದೊರಕಿಸಿದ ತೀರ್ಮಾನವೆಂದೇ ನನ್ನ ಅಭಿಪ್ರಾಯ. ಲೇಖಕರು ಇದನ್ನು ಎರಡೇ ವಾಕ್ಯಗಳಲ್ಲಿ ಮುಗಿಸದೆ ಇನ್ನಷ್ಟು ವಿಸ್ತರಿಸಬೇಕಿತ್ತು.

ಇನ್ನು ಸಾವಿರಪಟ್ಟಿನ ಸಲಹೆ. ಅತಿವೇಗವಾಗಿ ತಿರುಗುವ ಕಪ್ಪುಕುಳಿಯನ್ನು ಕಲ್ಪಿಸಿಕೊಂಡರೆ ಇನ್ನೂ ಒಳಗಿನ ಕಕ್ಷೆಗಳು ಸಾಧ್ಯವಾಗಿ, ಅಂತರ ಬಹಳ ಹೆಚ್ಚುತ್ತದೆ ಎಂಬುದು ನಿಜ. ಆದರೆ ಅಂತರ ಸಾವಿರಪಟ್ಟಾದರೆ ಒಂದು ವರ್ಷ ಕೆಳಗಿದ್ದು ಮರಳಿದವಳ ಪಾಲಿಗೆ ಹಿರಿತನಕ್ಕೆ ವಾದಿಸಲು ತಂಗಿಯಿರುವುದಿಲ್ಲ, ಬಡ್ಡಿ ಕೇಳಲು ಸಾಲ ಕೊಟ್ಟವರ ವಂಶವೂ ಉಳಿದಿರಲಾರದು, ಅವಳ ಮಾತು ತಿಳಿಯುವವರು ಸಿಕ್ಕುವುದೂ ಕಷ್ಟ. ಹತ್ತಕ್ಕೆ ಹದಿನಾಲ್ಕು ಎಂಬ ಅಂತರದಲ್ಲಾದರೆ ಇಬ್ಬರೂ ಬದುಕಿರುತ್ತಾರೆ, ಒಬ್ಬರನ್ನೊಬ್ಬರು ಗುರುತಿಸುತ್ತಾರೆ, ನಡುವಿನ ವ್ಯತ್ಯಾಸಕ್ಕೆ ಏನಾದರೊಂದು ಏರ್ಪಾಡು ಮಾಡಿಕೊಳ್ಳಲೇಬೇಕಾಗುತ್ತದೆ. ಆ ಏರ್ಪಾಡುಗಳೇ ಈ ಕಥೆಯ ವಸ್ತುವಾದ್ದರಿಂದ ಲೇಖಕರು ಆರಿಸಿಕೊಂಡ ಅಂತರವನ್ನು ಬದಲಿಸುವಂತೆ ನಾನು ಅವರನ್ನು ಕೇಳಲಾರೆ.

— ಸಂಪಾದಕ