ಭೇದಿ ಕಡಿಮೆಯಾದ ಮೇಲೆ ಮಗುವಿಗೆ ಏನು ಉಣಿಸಬೇಕು?

ಪ್ರಶ್ನೆ: ನನ್ನ ಮಗನಿಗೆ 14 ತಿಂಗಳು. ಮೂರು ದಿನ ವಾಂತಿ, ಭೇದಿಯಾಗಿ ಈಗ ವಾಂತಿ ನಿಂತಿದೆ. ಭೇದಿ ದಿನಕ್ಕೆ ಎರಡು ಮೂರು ಸಲ ಆಗುತ್ತಿದೆ. ಹೊಟ್ಟೆಗೆ ಬಿಡುವು ಬೇಕೆಂದು ಅತ್ತೆಯವರು ಎದೆಹಾಲನ್ನೂ ನಿಲ್ಲಿಸಿ ಸಾಬೂದಾಣಿ ಗಂಜಿಯನ್ನಷ್ಟೇ ಕೊಡಿಸುತ್ತಿದ್ದಾರೆ. ಓಆರ್‌ಎಸ್ ಪುಡಿಯನ್ನು ಲೋಟಕ್ಕೆ ಒಂದು ಚಮಚದಂತೆ ಕಲಸಿ ಕುಡಿಸುತ್ತಿದ್ದೇನೆ. ಇದು ಸರಿಯೇ?
— ಒಬ್ಬ ತಾಯಿ, ಸೇಡಂ

ಉತ್ತರ: ಮೊದಲು ಆ ಚಮಚದ ಲೆಕ್ಕವನ್ನು ಬಿಡಿ. ಕುದಿಸಿ ಆರಿಸಿದ ಒಂದು ಲೀಟರ್ ನೀರಿಗೆ ಓಆರ್‌ಎಸ್‌ನ ದೊಡ್ಡ ಪೊಟ್ಟಣವನ್ನು ಪೂರ್ತಿಯಾಗಿ ಒಮ್ಮೆಲೇ ಹಾಕಬೇಕು. 200 ಮಿಲಿಲೀಟರ್‌ನ ಚಿಕ್ಕ ಪೊಟ್ಟಣವಾದರೆ ಅಷ್ಟೇ ನೀರಿಗೆ. ಸಕ್ಕರೆಯ ಅಂಶದ ಜೊತೆಗೇ ಉಪ್ಪನ್ನು ಕರುಳು ಹೀರಿಕೊಳ್ಳುತ್ತದೆ, ಅದರ ಹಿಂದೆ ನೀರೂ ದೇಹದೊಳಗೆ ಹೋಗುತ್ತದೆ. ಈ ಪ್ರಮಾಣ ಗಟ್ಟಿಯಾದರೆ ನೀರು ಒಳಗೆ ಹೋಗುವ ಬದಲು ಕರುಳಿಗೆ ಇಳಿದು ಭೇದಿ ಹೆಚ್ಚುತ್ತದೆ, ರಕ್ತದಲ್ಲಿ ಉಪ್ಪು ಏರುವ ಅಪಾಯವೂ ಇದೆ. ಬಾಟಲಿಯ ತಂಪು ಪಾನೀಯ, ಹಣ್ಣಿನ ರಸದ ಡಬ್ಬಿ ಬೇಡವೆನ್ನುವುದೂ ಅವುಗಳ ಅತಿ ಸಿಹಿಯಿಂದಲೇ. ಪ್ರತಿ ಭೇದಿಯ ನಂತರ 50ರಿಂದ 100 ಮಿಲಿಲೀಟರ್ ಚಮಚದಿಂದ ಕುಡಿಸಿ. ವಾಂತಿಯಾದರೆ ಹತ್ತು ನಿಮಿಷ ತಡೆದು ಇನ್ನೂ ನಿಧಾನವಾಗಿ ಕೊಡಿ. ಕಲಸಿದ್ದನ್ನು 24 ಗಂಟೆಯ ನಂತರ ಚೆಲ್ಲಿಬಿಡಿ.

ಎದೆಹಾಲನ್ನು ಇಂದೇ ಮತ್ತೆ ಆರಂಭಿಸಿ. ಅತ್ತೆಯವರ ಕಾಳಜಿ ಅರ್ಥವಾಗುತ್ತದೆ, ಆದರೆ ಕರುಳು ಉಪವಾಸದಿಂದ ಗುಣವಾಗುವುದಿಲ್ಲ, ಊಟದಿಂದಲೇ ಗುಣವಾಗುತ್ತದೆ. ಸಾಬೂದಾಣಿಯಲ್ಲಿರುವುದು ಬಹುತೇಕ ಬರೀ ಪಿಷ್ಟ. ತೊಗರಿಯ ನಾಡಿನಲ್ಲಿದ್ದು ಬೇಳೆಯನ್ನೇ ದೂರವಿಡುವುದೇಕೆ? ಮೆತ್ತಗಿನ ಅನ್ನಕ್ಕೆ ಗಟ್ಟಿ ಬೇಳೆ ಹಿಸುಕಿ ಒಂದು ಚಮಚ ತುಪ್ಪ ಹಾಕಿ ಕೊಡಿ. ಮೊಸರನ್ನ, ಬಾಳೆಹಣ್ಣು, ನುಣ್ಣಗೆ ಬೇಯಿಸಿದ ಜೋಳದ ಗಂಜಿ, ಬೇಳೆಯಲ್ಲಿ ನೆನೆಸಿದ ಮೆತ್ತನೆಯ ರೊಟ್ಟಿ ಎಲ್ಲವೂ ಆಗುತ್ತವೆ. ಖಾರ ಮಾತ್ರ ಬೇಡ. ಸ್ವಲ್ಪ ಸ್ವಲ್ಪವಾಗಿ ದಿನಕ್ಕೆ ಆರು ಸಲ ಉಣಿಸಿ. ಭೇದಿ ನಿಂತ ಮೇಲೂ ಎರಡು ವಾರ ದಿನಕ್ಕೊಂದು ಊಟ ಹೆಚ್ಚಿಗೆ ಕೊಟ್ಟರೆ ಇಳಿದ ತೂಕ ಮರಳುತ್ತದೆ.

ಸತುವಿನ (ಜಿಂಕ್) 20 ಮಿಲಿಗ್ರಾಂ ಮಾತ್ರೆಯನ್ನು ಒಂದು ಚಮಚ ನೀರಿನಲ್ಲಿ ಕರಗಿಸಿ ದಿನಕ್ಕೊಂದರಂತೆ 14 ದಿನ ಕೊಡಬೇಕು; ಭೇದಿ ನಿಂತಿತೆಂದು ನಡುವೆ ಬಿಡಬಾರದು. ಆಶಾ ಕಾರ್ಯಕರ್ತೆಯನ್ನು ಕೇಳಿದರೆ ಮಾತ್ರೆ, ಓಆರ್‌ಎಸ್ ಎರಡೂ ದೊರೆಯುತ್ತವೆ. ದೊಡ್ಡವರಿಗೆ ಭೇದಿ ಕಟ್ಟಲು ಕೊಡುವ ಮಾತ್ರೆಯನ್ನು ಮಗುವಿಗೆ ಎಂದಿಗೂ ಕೊಡಬೇಡಿ.

ಅತ್ತೆಯವರಿಗೆ ನೆತ್ತಿ ಮುಟ್ಟಿ ನೋಡುವ ರೂಢಿಯಿದ್ದರೆ ಅದನ್ನು ತಡೆಯಬೇಡಿ, ಏಕೆಂದರೆ ನೆತ್ತಿ ಇನ್ನೂ ಕೂಡಿರದ ಕೂಸಿನಲ್ಲಿ ಅದು ಒಳಗಿಳಿಯುವುದು ನೀರು ಕಡಿಮೆಯಾದ ಗುರುತೇ ಆಗಿದೆ. ನೆತ್ತಿ ಒಳಗಿಳಿದರೆ, ಇಲ್ಲವೇ ಕಣ್ಣು ಗುಳಿ ಬಿದ್ದರೆ, ಮಗು ಮಂಕಾಗಿ ಕುಡಿಯಲೊಲ್ಲದಿದ್ದರೆ, ಆರು ಗಂಟೆಯಾದರೂ ಮೂತ್ರ ಮಾಡದಿದ್ದರೆ, ಮಲದಲ್ಲಿ ರಕ್ತ ಕಂಡರೆ, ಹೀಗೆ ಯಾವುದೊಂದು ಗುರುತು ಕಂಡರೂ, ರಾತ್ರಿಯಾಗಿದ್ದರೂ ಬೆಳಗಿಗೆ ಕಾಯದೆ ಆಸ್ಪತ್ರೆಗೆ ಒಯ್ಯಿರಿ; ದಾರಿಯುದ್ದಕ್ಕೂ ಓಆರ್‌ಎಸ್ ಕುಡಿಸುತ್ತಿರಿ.