ಯುದ್ಧ ಬೇಡ ಅನ್ನುವವರೆಲ್ಲ ಪ್ಯಾಸಿಫಿಸ್ಟ್‌ಗಳೇ?

ನಿಮ್ಮ ಪ್ರಶ್ನೆ ನನಗೆ ಅರ್ಥವಾದದ್ದು ಹೀಗೆ. ಗಡಿಯಲ್ಲಿ ಗುಂಡಿನ ಸದ್ದು ಎದ್ದಿದ್ದ ದಿನಗಳಲ್ಲಿ ಮುಂಬಯಿಯ ಮುಲುಂಡದ ನಿಮ್ಮ ಸೊಸೈಟಿಯ ವಾಟ್ಸಾಪ್ ಗುಂಪಿನಲ್ಲಿ ನೀವು ‘ಯುದ್ಧವಾಗದೆ ಮುಗಿದರೆ ಸಾಕು’ ಎಂದು ಬರೆದಿರಿ. ಒಬ್ಬರು ತಕ್ಷಣ ‘ನೀವೊಬ್ಬ ಪ್ಯಾಸಿಫಿಸ್ಟ್, ಹೇಡಿತನಕ್ಕೆ ದೊಡ್ಡ ಹೆಸರು’ ಎಂದು ಮೂದಲಿಸಿದರು. ಆ ಪದದ ಅರ್ಥವೇನು, ಅದು ಬೈಗುಳವೇ, ಕನ್ನಡದಲ್ಲಿ ಏನನ್ನುತ್ತಾರೆ, ಅದು ನಿಮಗೆ ಸಲ್ಲುತ್ತದೆಯೇ ಎಂದು ಕೇಳಿದ್ದೀರಿ.

ಕೊನೆಯ ಪ್ರಶ್ನೆಗೆ ಮೊದಲು ಉತ್ತರಿಸುತ್ತೇನೆ. ಆ ಒಂದು ಸಾಲು ಬರೆದ ಮಾತ್ರಕ್ಕೆ ನೀವು ಪ್ಯಾಸಿಫಿಸ್ಟ್ ಆಗುವುದಿಲ್ಲ. ಈಗಿನ ಬಳಕೆಯಲ್ಲಿ ಆ ಪದದ ಅಳತೆ ಬಹಳ ಕಟ್ಟುನಿಟ್ಟಿನದು. ಯಾವ ಕಾರಣಕ್ಕೂ, ಯಾರ ಪರವಾಗಿಯೂ, ತನ್ನ ದೇಶದ ಮೇಲೆ ದಾಳಿ ನಡೆದಾಗಲೂ ಯುದ್ಧ ಸಲ್ಲದು ಎನ್ನುವವರು ಮಾತ್ರ ಪ್ಯಾಸಿಫಿಸ್ಟ್‌ಗಳು. ಈ ಯುದ್ಧ ಬೇಡ, ಈಗ ಬೇಡ, ಮಾತುಕತೆ ಮುಗಿಯುವ ಮುಂಚೆ ಬೇಡ ಎನ್ನುವವರು ಬೇರೆ. ಅವರನ್ನು ಯುದ್ಧವಿರೋಧಿಗಳು ಎಂದರೆ ಸಾಕು. ಆದ್ದರಿಂದ ಯಾರನ್ನಾದರೂ ಆ ಹೆಸರಿನಿಂದ ಕರೆಯುವ ಮುಂಚೆ ಕೇಳಬೇಕಾದದ್ದು ಒಂದೇ: ನೀವು ವಿರೋಧಿಸುತ್ತಿರುವುದು ಯಾವ ಯುದ್ಧವನ್ನು?

ಪದ ಹುಟ್ಟಿದಾಗ ಇಷ್ಟು ಬಿಗಿ ಇರಲಿಲ್ಲ. 1901ರಲ್ಲಿ ಗ್ಲಾಸ್ಗೋದಲ್ಲಿ ನಡೆದ ವಿಶ್ವ ಶಾಂತಿ ಸಮ್ಮೇಳನದಲ್ಲಿ ಎಮಿಲ್ ಆರ್ನೋ ಎಂಬ ಫ್ರೆಂಚ್ ವಕೀಲರು ಇದನ್ನು ಚಲಾವಣೆಗೆ ತಂದರು. ಲ್ಯಾಟಿನ್ನಿನ ‘ಶಾಂತಿ’ ಮತ್ತು ‘ಮಾಡು’ ಎಂಬ ಎರಡು ಮಾತು ಕೂಡಿಸಿ ಕಟ್ಟಿದ್ದು. ಕೈಕಟ್ಟಿ ಕೂರುವ ‘ಪ್ಯಾಸಿವ್’ಗೂ ಇದಕ್ಕೂ ಸಂಬಂಧವಿಲ್ಲ. ಆಗಿನ ಶಾಂತಿ ಚಳವಳಿಯವರಲ್ಲಿ ಬಹಳ ಜನ ದೇಶದೇಶಗಳ ಜಗಳ ನ್ಯಾಯಪಂಚಾಯಿತಿಯಲ್ಲಿ ತೀರಲಿ ಎಂದವರು. ಆತ್ಮರಕ್ಷಣೆಗೂ ಶಸ್ತ್ರ ಎತ್ತಬಾರದು ಎಂದವರು ಅವರಲ್ಲಿ ಕಡಿಮೆ.

ಪದವನ್ನು ಬಿಗಿ ಮಾಡಿದ್ದು ಮೊದಲ ಮಹಾಯುದ್ಧ. 1916ರಲ್ಲಿ ಬ್ರಿಟನ್ ಕಡ್ಡಾಯ ಸೈನ್ಯ ಸೇವೆಯ ಕಾನೂನು ತಂದಿತು. ಸುಮಾರು 16,000 ಜನ ‘ಆತ್ಮಸಾಕ್ಷಿ ಒಪ್ಪುವುದಿಲ್ಲ, ಒಲ್ಲೆ’ ಎಂದರು. ಕೆಲವರು ಗಾಯಾಳುಗಳ ಸೇವೆಗೆ ಹೋದರು, ಕೆಲವರು ಹೊಲಗದ್ದೆಯ ಕೆಲಸ ಒಪ್ಪಿಕೊಂಡರು, ಸಾವಿರಾರು ಜನ ಜೈಲು ಸೇರಿದರು. ಅವರಲ್ಲಿ ಕೆಲವರನ್ನು ಬಲವಂತವಾಗಿ ಫ್ರಾನ್ಸಿಗೆ ಸಾಗಿಸಿ, ಅಲ್ಲೂ ಆಜ್ಞೆ ಮೀರಿದಾಗ ಸೈನಿಕ ನ್ಯಾಯಾಲಯದ ಮುಂದೆ ನಿಲ್ಲಿಸಿದರು. ಸೈನಿಕರ ಸಾಲುಗಳ ಮುಂದೆ ಒಬ್ಬೊಬ್ಬರನ್ನೇ ಕರೆದು ಅಧಿಕಾರಿ ತೀರ್ಪು ಓದಿದ: ಗುಂಡಿಕ್ಕಿ ಕೊಲ್ಲತಕ್ಕದ್ದು. ಸ್ವಲ್ಪ ತಡೆದು, ಸೇನಾಧಿಪತಿಗಳು ಇದನ್ನು ಖಾಯಂ ಮಾಡಿದ್ದಾರೆ ಎಂದ. ಮತ್ತೆ ತಡೆದು, ಶಿಕ್ಷೆಯನ್ನು ಹತ್ತು ವರ್ಷದ ಕಠಿಣ ಸಜೆಗೆ ಇಳಿಸಲಾಗಿದೆ ಎಂದ. ಹೀಗೆ 35 ಜನ ಮರಣದಂಡನೆಯ ಮಾತು ಕಿವಿಯಾರೆ ಕೇಳಿದರು. ಮೂರನೆಯ ವಾಕ್ಯ ಬರುತ್ತದೆಂದು ಅವರಿಗೆ ಗೊತ್ತಿರಲಿಲ್ಲ. ಒಂದು ‘ಹೂಂ’ ಅಂದಿದ್ದರೆ ಈ ಪಾಡು ಇರುತ್ತಿರಲಿಲ್ಲ, ಅನ್ನಲಿಲ್ಲ. ನಿಮ್ಮ ಗುಂಪಿನಲ್ಲಿ ಆ ಪದವನ್ನು ಕಲ್ಲಿನಂತೆ ಎಸೆದವರಿಗೆ ಇದು ತಿಳಿದಿರಬೇಕಿತ್ತು.

ನಮ್ಮ ಕಡೆಯ ಉದಾಹರಣೆ ಬೇಕೆಂದರೆ ನಾನಿರುವ ಪುಣೆಗೆ ಬನ್ನಿ, 1940ರ ಪುಣೆಗೆ. ಆ ವರ್ಷ ಜೂನ್‌ನಲ್ಲಿ ಪ್ಯಾರಿಸ್ ಹಿಟ್ಲರನ ಕೈಸೇರಿತ್ತು. ಜುಲೈ ಕೊನೆಯಲ್ಲಿ ಅಖಿಲ ಭಾರತ ಕಾಂಗ್ರೆಸ್ ಸಮಿತಿ ಇಲ್ಲಿ ಸಭೆ ಸೇರಿ, ದಿಲ್ಲಿಯಲ್ಲಿ ಕಾರ್ಯಕಾರಿ ಸಮಿತಿ ಮಾಡಿದ್ದ ಠರಾವಿಗೆ ಮುದ್ರೆ ಒತ್ತಿತು. ಬ್ರಿಟನ್ ಭಾರತದ ಪೂರ್ಣ ಸ್ವಾತಂತ್ರ್ಯ ಒಪ್ಪಿ, ಕೇಂದ್ರದಲ್ಲಿ ರಾಷ್ಟ್ರೀಯ ಸರ್ಕಾರ ಕೊಟ್ಟರೆ ಕಾಂಗ್ರೆಸ್ ದೇಶದ ರಕ್ಷಣೆಗೆ, ಅಂದರೆ ಯುದ್ಧಕ್ಕೆ, ತನ್ನ ಬಲವನ್ನೆಲ್ಲ ಕೊಡುತ್ತದೆ ಎಂಬುದು ಅದರ ತಿರುಳು. ರಾಜಾಜಿ ಅದರ ಮುಂದಾಳು. ಗಾಂಧಿ ಮಾತ್ರ ಒಪ್ಪಲಿಲ್ಲ, ಬದಿಗೆ ಸರಿದರು. ಸ್ವಾತಂತ್ರ್ಯ ಸಿಕ್ಕರೂ ಅಹಿಂಸೆಯನ್ನು ಬೆಲೆಯಾಗಿ ಕೊಡಲು ಅವರು ತಯಾರಿರಲಿಲ್ಲ. ಖಾನ್ ಅಬ್ದುಲ್ ಗಫಾರ್ ಖಾನರು ಇದೇ ಕಾರಣಕ್ಕೆ ಕಾರ್ಯಕಾರಿ ಸಮಿತಿಗೆ ರಾಜೀನಾಮೆ ಕೊಟ್ಟರು. ಬಂದೂಕು ಹಿಡಿದೇ ಬೆಳೆಯುವ ಪಠಾಣರ ನಾಡಿನಿಂದ ಬಂದ ಆ ಮನುಷ್ಯನಿಗೆ ‘ಹೇಡಿ’ ಎನ್ನುವ ಧೈರ್ಯ ಯಾರಿಗಿದೆ ಹೇಳಿ.

ಯುದ್ಧ ಬೇಡ ಎನ್ನುವವರಲ್ಲಿ ಎರಡು ಬಗೆ ಇದ್ದಾರೆ ಎಂಬುದು ಆ ಸಭೆಯಲ್ಲಿ ಬೆಳಕಿನಷ್ಟು ಸ್ಪಷ್ಟವಾಯಿತು. ಒಂದು ಬಗೆಯವರು ಗುಲಾಮರಾಗಿ ಹೋರಾಡುವುದಿಲ್ಲ ಎಂದವರು. ಸ್ವತಂತ್ರರಾಗಿ ಹೋರಾಡಲು ಅವರ ಅಡ್ಡಿಯಿಲ್ಲ. ಇನ್ನೊಂದು ಬಗೆಯವರು ಹೋರಾಡುವುದೇ ಇಲ್ಲ ಎಂದವರು. ವರ್ಷವಿಡೀ ಒಂದೇ ವೇದಿಕೆಯಲ್ಲಿ ಕೂತು ಒಂದೇ ಘೋಷಣೆ ಕೂಗಿದವರ ನಡುವೆ ಇಷ್ಟು ಅಂತರವಿತ್ತು.

ಮುಂದಿನದು ಇನ್ನೂ ಸ್ವಾರಸ್ಯ. ಆಗಸ್ಟ್ 8ರಂದು ವೈಸ್‌ರಾಯ್ ಲಿನ್ಲಿತ್‌ಗೋ ಕೊಟ್ಟ ಉತ್ತರ ಕಾಂಗ್ರೆಸ್ಸಿಗೆ ಹಿಡಿಸಲಿಲ್ಲ. ಸೆಪ್ಟೆಂಬರಿನಲ್ಲಿ ಮುಂಬಯಿಯಲ್ಲಿ ಸೇರಿ ಮತ್ತೆ ಗಾಂಧಿಯವರನ್ನೇ ಮುಂದಾಳಾಗಲು ಕೇಳಿಕೊಂಡರು. ಅಕ್ಟೋಬರ್ 17ರಂದು ವಾರ್ಧಾ ಹತ್ತಿರದ ಪವನಾರಿನಲ್ಲಿ ವಿನೋಬಾ ಭಾವೆ ಮೊದಲ ವೈಯಕ್ತಿಕ ಸತ್ಯಾಗ್ರಹಿಯಾಗಿ ಯುದ್ಧದ ವಿರುದ್ಧ ಮಾತಾಡಿದರು. ಎರಡನೆಯವರಾಗಿ ಗಾಂಧಿ ಆರಿಸಿದ್ದು ನೆಹರೂ ಅವರನ್ನು; ಸತ್ಯಾಗ್ರಹಕ್ಕೆ ಮೊದಲೇ ಅವರನ್ನು ಬಂಧಿಸಿದರು. ಸತ್ಯಾಗ್ರಹಿಗಳು ಹೇಳಬೇಕಾದ ಮಾತಿನ ಸಾರ ಇದು: ಬ್ರಿಟಿಷರ ಈ ಯುದ್ಧಕ್ಕೆ ಜನ ಕೊಟ್ಟು, ಹಣ ಕೊಟ್ಟು ನೆರವಾಗುವುದು ತಪ್ಪು, ಎಲ್ಲ ಯುದ್ಧಗಳನ್ನೂ ಅಹಿಂಸೆಯಿಂದ ಎದುರಿಸುವುದೊಂದೇ ತಕ್ಕ ದಾರಿ. ಎರಡು ತುಂಡನ್ನೂ ಬಿಡಿಬಿಡಿಯಾಗಿ ಓದಿ. ಮೊದಲ ತುಂಡು ‘ಈ ಯುದ್ಧ’, ಎರಡನೆಯದು ‘ಎಲ್ಲ ಯುದ್ಧ’. ವಿನೋಬಾ ಎರಡನ್ನೂ ಮನಸಾರೆ ಹೇಳಬಲ್ಲವರು. ನೆಹರೂ ಅವರ ಮನಸ್ಸು ಮೊದಲ ತುಂಡಿನಲ್ಲಿತ್ತು ಎಂದು ನಾನು ತಿಳಿದಿದ್ದೇನೆ, ಅವರ ಮುಂದಿನ ಬದುಕೂ ಅದನ್ನೇ ಹೇಳುತ್ತದೆ. ಆ ವಾಕ್ಯ ಕಟ್ಟಿದ ಜಾಣ್ಮೆಗೆ ನಾನು ಇಂದಿಗೂ ತಲೆದೂಗುತ್ತೇನೆ.

ನೆಹರೂ ಅವರ ಮುಂದಿನ ಬದುಕು ಎಂದೆನಲ್ಲ, ಅದಕ್ಕೆ ಗೋವಾ ಸಾಕ್ಷಿ. ಬಲ ಬಳಸದೆ ಬಿಡಿಸಿಕೊಳ್ಳಬೇಕೆಂದು ವರ್ಷಗಟ್ಟಲೆ ಕಾದರು. 1955ರ ಆಗಸ್ಟ್ 15ರಂದು ಬರಿಗೈಯಲ್ಲಿ ಗಡಿ ದಾಟಿದ ಸತ್ಯಾಗ್ರಹಿಗಳ ಮೇಲೆ ಪೋರ್ಚುಗೀಸರು ಗುಂಡು ಹಾರಿಸಿದರು. ಕಡೆಗೆ 1961ರ ಡಿಸೆಂಬರ್ 18ಕ್ಕೆ ಸೇನೆ ಒಳನುಗ್ಗಿತು, ಮರುದಿನ ಪೋರ್ಚುಗೀಸರು ಶರಣಾದರು. ಶಾಂತಿಯ ಮಾತಾಡುತ್ತಿದ್ದ ನೆಹರೂ ಹೀಗೆ ಮಾಡಬಹುದೇ ಎಂದು ಪಾಶ್ಚಾತ್ಯ ದೇಶಗಳು ಹುಯಿಲೆಬ್ಬಿಸಿದವು. ಶಾಂತಿಪ್ರಿಯ ಎಂಬುದನ್ನೂ ಪ್ಯಾಸಿಫಿಸ್ಟ್ ಎಂಬುದನ್ನೂ ಒಂದೇ ಎಂದುಕೊಂಡದ್ದರಿಂದ ಆದ ಗೊಂದಲ ಅದು. ನೆಹರೂ ಎಂದೂ ಪ್ಯಾಸಿಫಿಸ್ಟ್ ಆಗಿರಲಿಲ್ಲ.

ಗೋವಾದಲ್ಲಿ ಹುಟ್ಟಿ ಪುಣೆಯಲ್ಲಿ ಬಾಳಿದ ಡಿ.ಡಿ. ಕೋಸಂಬಿಯವರದೂ ಇಂಥದೇ ವಿಷಯ. ಡೆಕ್ಕನ್ ಕ್ವೀನ್ ರೈಲು ಹತ್ತಿ ಮುಂಬಯಿಯ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಗೆ ಹೋಗಿಬರುತ್ತಿದ್ದ ಆ ಗಣಿತಜ್ಞ, ಇತಿಹಾಸಕಾರ, ವಿಶ್ವ ಶಾಂತಿ ಮಂಡಳಿಯಲ್ಲೂ ದುಡಿದರು, ಅಣ್ವಸ್ತ್ರದ ವಿರುದ್ಧ ಮಾತಾಡಿದರು. ಆದರೆ ಅವರು ಮಾರ್ಕ್ಸ್‌ವಾದಿ, ಚೀನಾದ ಕ್ರಾಂತಿಯನ್ನು ಮೆಚ್ಚಿದವರು. ಶಾಂತಿ ಚಳವಳಿಗಾರ ಎನ್ನಿ, ಸರಿಯಾಗುತ್ತದೆ.

ಮಹಾಭಾರತ ಕೇಳಿ ಬೆಳೆದ ನಮಗೆ ಈ ವ್ಯತ್ಯಾಸ ಕಷ್ಟವಾಗಬಾರದು. ಅರ್ಜುನ ಗಾಂಡೀವ ಕೆಳಗಿಟ್ಟು ಕೂತದ್ದನ್ನು ನೋಡಿ ಅವನನ್ನು ಪ್ಯಾಸಿಫಿಸ್ಟ್ ಎಂದು ಬರೆದದ್ದನ್ನು ಓದಿದ್ದೇನೆ. ಅಲ್ಲವೇ ಅಲ್ಲ. ಅವನ ಸಂಕಟವೆಲ್ಲ ಎದುರಿಗೆ ನಿಂತವರು ಅಜ್ಜ, ಗುರು, ದಾಯಾದಿಗಳು ಎಂಬುದು. ಬೇರೆ ಯಾರೋ ನಿಂತಿದ್ದರೆ ಕೈ ನಡುಗುತ್ತಿರಲಿಲ್ಲ, ಅದಕ್ಕೆ ಮುಂಚೆ ಎಷ್ಟೋ ಕಾಳಗ ಗೆದ್ದವನು. ಯುದ್ಧವೇ ಬೇಡವೆಂದು ತೀರ್ಥಯಾತ್ರೆಗೆ ಹೊರಟ ಬಲರಾಮನೂ ಈ ಯುದ್ಧಕ್ಕೆ ಮಾತ್ರ ಒಲ್ಲೆ ಎಂದವನು. ಗದಾಯುದ್ಧದ ಕೊನೆಯಲ್ಲಿ ಭೀಮನ ಮೇಲೆ ನೇಗಿಲು ಎತ್ತಿದ್ದನ್ನು ನೆನೆಸಿಕೊಳ್ಳಿ. ಕಳಿಂಗದ ನಂತರದ ಅಶೋಕ ಕೂಡ ಪೂರ್ತಿ ಹೊಂದುವುದಿಲ್ಲ. ಹದಿಮೂರನೆಯ ಶಿಲಾಶಾಸನದಲ್ಲಿ ಅಷ್ಟೊಂದು ಪಶ್ಚಾತ್ತಾಪ ತೋಡಿಕೊಂಡವನು ಅಲ್ಲೇ ಕಾಡಿನ ಜನರಿಗೆ ‘ದಂಡಿಸುವ ಶಕ್ತಿ ನನಗಿದೆ’ ಎಂಬ ಎಚ್ಚರಿಕೆಯನ್ನೂ ಕೊಟ್ಟಿದ್ದಾನೆ.

ಅಮೆರಿಕದ ಕಾನೂನು ಈ ವ್ಯತ್ಯಾಸವನ್ನೇ ಹಿಡಿದು ಕೂತಿದೆ. ಮುಹಮ್ಮದ್ ಅಲಿ 1967ರ ಏಪ್ರಿಲ್‌ನಲ್ಲಿ ಸೈನ್ಯ ಸೇರಲು ಒಪ್ಪದೆ ಐದು ವರ್ಷದ ಸಜೆಗೆ ಗುರಿಯಾದರು, ಬಾಕ್ಸಿಂಗ್ ಕಿರೀಟ ಕಳೆದುಕೊಂಡರು. 1971ರ ಜೂನ್‌ನಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಆ ಶಿಕ್ಷೆ ರದ್ದು ಮಾಡಿತು. ಅದೇ ವರ್ಷ ಮಾರ್ಚ್‌ನಲ್ಲಿ ಇನ್ನೊಂದು ಮೊಕದ್ದಮೆಯಲ್ಲಿ, ವಿಯೆಟ್ನಾಂ ಯುದ್ಧವೊಂದನ್ನೇ ವಿರೋಧಿಸುವವರಿಗೆ ವಿನಾಯಿತಿ ಇಲ್ಲ, ಎಲ್ಲ ಯುದ್ಧ ವಿರೋಧಿಸುವವರಿಗೆ ಮಾತ್ರ ಎಂದು ಅದೇ ಕೋರ್ಟ್ ಹೇಳಿತ್ತು. ಈ ನಿಯಮ ನನಗೆ ನ್ಯಾಯವೆನಿಸುವುದಿಲ್ಲ. ಒಂದು ಯುದ್ಧ ಅನ್ಯಾಯದ್ದೆಂದು ಕಂಡವನ ಆತ್ಮಸಾಕ್ಷಿಯೂ ಆತ್ಮಸಾಕ್ಷಿಯೇ.

ಹೇಡಿತನದ ಮಾತಿಗೆ ಬರೋಣ. ಡೆಸ್ಮಂಡ್ ಡಾಸ್ ಎಂಬ ಅಮೆರಿಕದ ಸೈನಿಕ ಧರ್ಮಶ್ರದ್ಧೆಯಿಂದ ಬಂದೂಕು ಮುಟ್ಟಲು ಒಪ್ಪಲಿಲ್ಲ. ಆದರೆ ಗಾಯಾಳುಗಳ ಶುಶ್ರೂಷೆಗೆಂದು ರಣರಂಗಕ್ಕೆ ಹೋದ. 1945ರಲ್ಲಿ ಓಕಿನಾವಾದ ಕಡಿದಾದ ದಿಣ್ಣೆಯ ಮೇಲೆ ಸಂಗಡಿಗರು ಹಿಂದೆ ಸರಿದ ಮೇಲೂ ಒಬ್ಬನೇ ಉಳಿದು, ಗಾಯಗೊಂಡವರನ್ನು ಹಗ್ಗಕ್ಕೆ ಕಟ್ಟಿ ಒಬ್ಬೊಬ್ಬರನ್ನೇ ಕೆಳಗಿಳಿಸಿದ. ಸುಮಾರು 75 ಜನ ಬದುಕಿದರು. ಆ ದೇಶದ ಅತಿ ದೊಡ್ಡ ಶೌರ್ಯ ಪದಕ ಸಿಕ್ಕಿತು. ಅವನ ಹಟ ಕೊಲ್ಲುವುದಿಲ್ಲ ಎಂಬಷ್ಟೇ, ಸಾಯಲು ಹೆದರಿ ಅಲ್ಲ. ಗಾಂಧಿಯವರು 1920ರಲ್ಲೇ ಬರೆದಿದ್ದರು, ಹೇಡಿತನ ಮತ್ತು ಹಿಂಸೆ ಎರಡರಲ್ಲಿ ಒಂದನ್ನೇ ಆರಿಸಬೇಕಾಗಿ ಬಂದರೆ ತಾನು ಹಿಂಸೆಯನ್ನೇ ಸೂಚಿಸುವೆ ಎಂದು. ಅಹಿಂಸೆ ಹೇಡಿಗಳ ಆಸರೆಯಾಗುವುದು ಅವರಿಗೆ ಸಹಿಸದು.

ಈ ಮಾತು ನನಗೆ ಇಷ್ಟು ಹತ್ತಿರವಾಗಲು ಕಾರಣವಿದೆ. ನಾನು ಪುಣೆಯ ಖಡಕಿಯಲ್ಲಿ ಬೆಳೆದವನು. 1869ರಿಂದ ಇಲ್ಲಿ ಮದ್ದುಗುಂಡಿನ ಕಾರ್ಖಾನೆ ಇದೆ. ವಿಜಯಪುರದ ಕಡೆಯಿಂದ ಬಂದ ಅಪ್ಪ ಅಲ್ಲೇ ದುಡಿದು ನಮ್ಮನ್ನು ಸಾಕಿದರು. 1971ರಲ್ಲಿ ಎರಡೆರಡು ಪಾಳಿ ಮಾಡಿ ಬಂದು ಊಟಕ್ಕೆ ಕೂತಾಗಲೂ ಅವರ ಬೆರಳ ಸಂದಿಯಲ್ಲಿ ಎಣ್ಣೆಯ ಕಪ್ಪು ಉಳಿದಿರುತ್ತಿತ್ತು ಎಂದು ಅವ್ವ ಹೇಳುತ್ತಿದ್ದಳು. ಆ ಯುದ್ಧ ಬೇಕಾಗಿತ್ತೆಂದೇ ಅಪ್ಪ ಕಡೆಯವರೆಗೂ ನಂಬಿದ್ದರು. ಆದರೂ ಯಾರಾದರೂ ಯುದ್ಧದ ಸುದ್ದಿಗೆ ಸಿಹಿ ಹಂಚಿದರೆ ಮುಟ್ಟುತ್ತಿರಲಿಲ್ಲ. ‘ಗುಂಡು ಯಾರ ಎದಿಗಿ ಹೋಗತದ ಅಂತ ಅದರ ಮ್ಯಾಲೆ ಬರದಿರಂಗಿಲ್ಲೋ ತಮ್ಮಾ’ ಎನ್ನುತ್ತಿದ್ದರು. ಮನೆಯಿಂದ ಸ್ವಲ್ಪ ದೂರದಲ್ಲೇ ಎರಡನೇ ಮಹಾಯುದ್ಧದಲ್ಲಿ ಸತ್ತ 1,600ಕ್ಕೂ ಹೆಚ್ಚು ಸೈನಿಕರ ಸ್ಮಶಾನವಿದೆ. ಬಿಳಿ ಕಲ್ಲುಗಳ ಮೇಲೆ ಹೆಸರು, ಪಡೆಯ ಲಾಂಛನ, ವಯಸ್ಸು. ವಯಸ್ಸುಗಳನ್ನು ಓದುತ್ತ ಹೋದರೆ ಇಪ್ಪತ್ತು, ಇಪ್ಪತ್ತೆರಡು, ಮತ್ತೆ ಇಪ್ಪತ್ತು. ಅಪ್ಪ ಪ್ಯಾಸಿಫಿಸ್ಟ್ ಅಲ್ಲ, ನಾನೂ ಅಲ್ಲ. ಅಂಥವರ ಬಗ್ಗೆ ನನಗಿರುವ ಗೌರವ ಮಾತ್ರ ದೊಡ್ಡದು.

ಕನ್ನಡದಲ್ಲಿ ಬರೆಯುವಾಗ ಎಲ್ಲ ಯುದ್ಧವನ್ನೂ ನಿರಾಕರಿಸುವವರಿಗೆ ‘ಶಾಂತಿವಾದಿ’ ಎಂಬುದು ಪತ್ರಿಕೆಗಳಲ್ಲಿ ನಡೆಯುತ್ತದೆ. ನಿಮ್ಮ ಸುತ್ತಲ ಮರಾಠಿಯವರು ‘ಶಾಂತತಾವಾದಿ’ ಎನ್ನುತ್ತಾರೆ. ಒಂದು ನಿರ್ದಿಷ್ಟ ಯುದ್ಧದ ಮಾತಾದರೆ ‘ಯುದ್ಧವಿರೋಧಿ’ ಎಂದೇ ಬರೆಯಿರಿ, ಯಾವ ಯುದ್ಧ ಎಂಬುದನ್ನೂ ಸೇರಿಸಿ. ‘ಅಹಿಂಸಾವಾದಿ’ ಇನ್ನೂ ವಿಶಾಲ: ಊಟ, ಮಾತು, ನಡತೆ ಎಲ್ಲವೂ ಅದರೊಳಗೆ ಬರುತ್ತವೆ. ‘ಶಾಂತಿಪ್ರಿಯ’ ಎಂದರೆ ಸ್ವಭಾವದ ವರ್ಣನೆ, ನಿಲುವಿನದಲ್ಲ, ಸೇನಾಧಿಕಾರಿಯೂ ಶಾಂತಿಪ್ರಿಯನಾಗಿರಬಹುದು. ಸೈನ್ಯಕ್ಕೆ ಕರೆ ಬಂದಾಗ ಆತ್ಮಸಾಕ್ಷಿಯ ಹೆಸರಲ್ಲಿ ಒಲ್ಲೆ ಎಂದವರಿಗೆ ಕನ್ನಡದಲ್ಲಿ ಒಂದೇ ಮಾತು ನೆಲೆಯಾಗಿಲ್ಲ, ಬಿಡಿಸಿಯೇ ಹೇಳಬೇಕು. ನಮ್ಮಲ್ಲಿ ಕಡ್ಡಾಯ ಸೈನ್ಯ ಸೇವೆ ಇಲ್ಲದ್ದರಿಂದ ಆ ಮಾತಿನ ಅಗತ್ಯವೂ ಅಷ್ಟಾಗಿ ಬಿದ್ದಿಲ್ಲ.

ಗುಂಪಿನಲ್ಲಿ ಏನು ಉತ್ತರಿಸಲಿ ಎಂದಿರಿ. ಜಗಳ ಬೆಳೆಸದೆ ಇಷ್ಟು ಬರೆಯಿರಿ: ‘ನಾನು ಪ್ಯಾಸಿಫಿಸ್ಟ್ ಅಲ್ಲ, ದೇಶದ ರಕ್ಷಣೆ ಬೇಕೆನ್ನುವವನೇ. ಈ ಸಲ ಯುದ್ಧವಿಲ್ಲದೆ ದಾರಿ ಇದೆ ಅನ್ನುವುದು ನನ್ನ ಅಭಿಪ್ರಾಯ. ನಿಮಗೆ ಹಾಗನ್ನಿಸದಿದ್ದರೆ ಯಾಕೆಂದು ಹೇಳಿ, ಕೇಳುತ್ತೇನೆ.’ ಒಂದು ವೇಳೆ ನೀವು ನಿಜಕ್ಕೂ ಎಲ್ಲ ಯುದ್ಧವನ್ನೂ ಒಲ್ಲದವರಾದರೆ, ‘ಹೌದು’ ಎಂದಷ್ಟೇ ಬರೆಯಿರಿ.